ನನ್ನ ಅಮ್ಮನ ಗಂಟಲಿಗೆ ಬಂದ ನೋಟಿಸು

ಹಕ್ಕುಸ್ವಾಮ್ಯ ಜಾರಿ ಕಚೇರಿಯ ಮುಖ್ಯಾಧಿಕಾರಿಗಳಿಗೆ ಬಹಿರಂಗ ಪತ್ರ

ಮಾನ್ಯರೇ,

ನಿಮ್ಮ ಕೊಠಡಿಯಲ್ಲಿ, ನಿಮ್ಮ ಮೇಜಿನ ಎದುರು, ನೀವೇ ತೋರಿಸಿದ ಕುರ್ಚಿಯಲ್ಲಿ ಕೂತು ನನ್ನ ಅಮ್ಮ ತನ್ನ ಸ್ವಂತ ದನಿಯನ್ನು ಕೇಳಿಸಿದ್ದು "ಅನಧಿಕೃತ ಪ್ರತಿಯ ಸಾರ್ವಜನಿಕ ಪ್ರದರ್ಶನ" ಎಂದು ತಾವು ಕಳಿಸಿದ ನೋಟಿಸು ಕೈಸೇರಿದೆ. ಮೊದಲ ನೋಟಿಸು ಒಂದು ಹಳೆಯ ವಿಡಿಯೊ ಆಟವನ್ನು ಇಳಿಸಿಕೊಂಡದ್ದಕ್ಕೆ. ಈ ಎರಡನೆಯದು, ಮೊದಲನೆಯದಕ್ಕೆ ವಿವರಣೆ ಕೊಡಲು ನಿಮ್ಮ ಹತ್ತಿರ ಬಂದದ್ದಕ್ಕೆ. ಪ್ರತಿಯನ್ನು ಅಳಿಸಬೇಕು, ಅಳಿಸಿದ್ದಕ್ಕೆ ಪುರಾವೆ ಕೊಡಬೇಕು, ಅದು ಇದ್ದ ಟ್ಯಾಬನ್ನು ಮುಂದಿನ ವಿಚಾರಣೆಯ ದಿನ ಕಚೇರಿಗೆ ಒಪ್ಪಿಸಬೇಕು ಎಂದು ಅಪ್ಪಣೆ ಮಾಡಿದ್ದೀರಿ. ಲಕೋಟೆಯಲ್ಲಿ ಉತ್ತರ ಕಳಿಸಿದರೆ ಅದಕ್ಕೂ ಮೂರನೆಯ ನೋಟಿಸು ಬಂದೀತೆಂಬ ಅನುಮಾನವಿರುವುದರಿಂದ ಹೀಗೆ ಎಲ್ಲರ ಎದುರಿಗೇ ಬರೆಯುತ್ತಿದ್ದೇನೆ. ಸಾರ್ವಜನಿಕ ಪ್ರದರ್ಶನದ ಆರೋಪ ಹೇಗೂ ತಲೆಯ ಮೇಲಿದೆ, ಅದನ್ನು ಸರಿಯಾಗಿಯೇ ಮಾಡಿಬಿಡೋಣ.

ಓದುವ ಜನರಿಗೆ ಹಿನ್ನೆಲೆ ತಿಳಿಯಬೇಕಲ್ಲ, ಹೇಳುತ್ತೇನೆ. ನನ್ನದು ಕನ್ನಡಕದ ಅಂಗಡಿ. ಅಮ್ಮ ನನ್ನ ಜೊತೆಗೇ ಇದ್ದಾಳೆ. ಅವಳು ಹೊಲಿಗೆಯವಳು. ನಾನು ಕಾಲೇಜಿನಲ್ಲಿದ್ದಾಗ ಅವಳ ಅಂಗಡಿಯ ಮೇಲಿನ ಮಹಡಿಗೆ ಕೆಲವು ಹುಡುಗ ಹುಡುಗಿಯರು ಬಾಡಿಗೆಗೆ ಬಂದರು. ಕಂಪ್ಯೂಟರಿನ ಮುಂದೆ ಕೂತು ಆಟ ತಯಾರಿಸುವವರು. ಕಿತ್ತುಹೋದ ಗುಂಡಿ, ಬಿಚ್ಚಿಹೋದ ಜಿಪ್ಪು ಹಿಡಿದುಕೊಂಡು ಕೆಳಗೆ ಬರುತ್ತಿದ್ದರು. ಅಮ್ಮ ಗುಂಡಿ ಹಚ್ಚುತ್ತಲೇ ಅವರಿಗೆ ಮಂಗಳಾರತಿ ಎತ್ತುತ್ತಿದ್ದಳು: ಅಂಗಿಯನ್ನು ಹೀಗಾ ತೊಳೆಯೋದು, ಊಟ ಮಾಡಿ ಎಷ್ಟು ದಿನ ಆಯ್ತು, ಕನ್ನಡಿಯಲ್ಲಿ ಮುಖ ನೋಡಿಕೊಂಡಿದ್ದೀಯಾ. ಒಂದು ದಿನ ಅವರಲ್ಲಿ ಒಬ್ಬಳು ಬಂದು, "ಅಕ್ಕಾ, ನಮ್ಮ ಆಟದಲ್ಲಿ ದೋಣಿ ನಡೆಸೋ ಮುದುಕಿ ಒಬ್ಬಳಿದಾಳೆ. ಬರೀ ಬೈತಾನೇ ಇರ್ತಾಳೆ. ನಮಗೆ ಬೈದ ಹಾಗೇ ಮೈಕಿನ ಮುಂದೆ ಬೈತೀರಾ?" ಎಂದು ಕೇಳಿದಳು. "ಅದಕ್ಕೇನಂತೆ, ಬೈಯೋದಕ್ಕೆ ಯಾರಾದ್ರೂ ಕರೀಬೇಕಾ ನನ್ನ?" ಎಂದಳು ಅಮ್ಮ.

ಅವರ ಹತ್ತಿರ ರೆಕಾರ್ಡಿಂಗ್ ಕೋಣೆ ಇರಲಿಲ್ಲ. ಅಮ್ಮನ ಅಂಗಡಿಯ ಹಿಂದೆ ಬಟ್ಟೆಯ ಥಾನುಗಳನ್ನು ಪೇರಿಸಿಟ್ಟ ಕತ್ತಲೆ ಕೋಣೆ ಒಂದಿತ್ತು. ನಾಲ್ಕೂ ಕಡೆ ಬಟ್ಟೆ ಇದ್ದುದರಿಂದ ದನಿ ಮಾರ್ದನಿಸುತ್ತಿರಲಿಲ್ಲ. ಅಲ್ಲೇ ಒಂದು ಸ್ಟೂಲಿನ ಮೇಲೆ ಕೂರಿಸಿ ಅವಳ ಮಾತುಗಳನ್ನು ಹಿಡಿದರು. ಒಂದು ಕಡೆ, ಮುದುಕಿ ಹುಟ್ಟು ಹಾಕುತ್ತಾ ಗೊಣಗುವಾಗ, ಹಿಂದೆ ಅಂಗಡಿಯ ಕೆಲಸದವಳ ಹೊಲಿಗೆ ಯಂತ್ರದ ಸದ್ದು ಸಣ್ಣಗೆ ಕೇಳುತ್ತದೆ. ಅದನ್ನು ತೆಗೆದುಬಿಡಿ ಎಂದು ಅಮ್ಮ ಹೇಳಿದರೆ ಅವರು, ದೋಣಿಯ ಸದ್ದಿನ ಹಾಗೇ ಇದೆ ಇರಲಿ ಎಂದರಂತೆ. ಆಟ ಆ ಕಾಲದ ಒಂದು ಜನಪ್ರಿಯ ಯಂತ್ರಕ್ಕೆಂದು ಡಿಸ್ಕಿನಲ್ಲಿ ಬಿಡುಗಡೆಯಾಯಿತು. ಟೀವಿಗೆ ಜೋಡಿಸಿ ಆಡುವ ಕಪ್ಪು ಪೆಟ್ಟಿಗೆ ಅದು. ಆಟದ ಕೊನೆಯಲ್ಲಿ ಓಡುವ ಹೆಸರುಗಳಲ್ಲಿ ಅಮ್ಮ "ಇತರ ಧ್ವನಿಗಳು" ಎಂಬುದರೊಳಗೆ ಇದ್ದಾಳೆ. ಆಟದ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಬರೆದರೆ ಪ್ರಚಾರ ಮಾಡಿದ್ದಕ್ಕೆಂದು ಇನ್ನೊಂದು ಕಲಂ ಹುಡುಕುವ ಶ್ರಮ ನಿಮಗೆ.

ಆಮೇಲೆ ಅಮ್ಮನ ಗಂಟಲಿನಲ್ಲಿ ಗಡ್ಡೆ ಕಾಣಿಸಿಕೊಂಡು ಧ್ವನಿಪೆಟ್ಟಿಗೆಯನ್ನೇ ತೆಗೆಯಬೇಕಾಯಿತು. ಜೀವ ಉಳಿಯಿತು, ದನಿ ಹೋಯಿತು. ಗಂಟಲಿಗೆ ಒತ್ತಿ ಹಿಡಿದರೆ ಮಾತು ಬರುವ ಒಂದು ಯಂತ್ರ ಕೊಟ್ಟರು. ಅದರಿಂದ ಮಾತು ಬಂತು, ಅಮ್ಮ ಬರಲಿಲ್ಲ. ಎರಡು ದಿನ ಹಿಡಿದು ನೋಡಿದಳು, ಅಡುಗೆಮನೆಯ ಮಿಕ್ಸಿಯ ಕಡೆ ಕೈ ತೋರಿಸಿ, ಆ ಯಂತ್ರವನ್ನು ಮಿಕ್ಸಿಯ ಪಕ್ಕದಲ್ಲೇ ಇಟ್ಟುಬಿಟ್ಟಳು. ನನ್ನ ಮಗಳು ಹುಟ್ಟಿದ್ದು ಇದೆಲ್ಲ ಆದ ಮೇಲೆ. ಅಜ್ಜಿ ಎಂದರೆ ಚಪ್ಪಾಳೆ, ಚಿಟಿಕೆ, ಹುಬ್ಬು ಎಂದೇ ಅವಳು ತಿಳಿದಿದ್ದಳು. ಮನೆಯಲ್ಲಿ ಅಮ್ಮನ ದನಿ ಬೇರೆಲ್ಲೂ ಇರಲಿಲ್ಲ. ನನ್ನ ಮದುವೆಯ ವಿಡಿಯೊದಲ್ಲಿ ಅವಳು ಯಾರ ಮೇಲೋ ರೇಗುತ್ತಿರುವುದು ಕಾಣುತ್ತದೆ, ಆದರೆ ವಿಡಿಯೊದವನು ಉದ್ದಕ್ಕೂ ಹಾಡು ತುಂಬಿಬಿಟ್ಟಿದ್ದಾನೆ. ಉಳಿದದ್ದು ಆ ಆಟ ಒಂದೇ.

ಆಟ ನಮ್ಮಲ್ಲಿತ್ತು, ಸ್ವಾಮಿ. ಅಂಗಡಿಯಲ್ಲಿ ಕೊಂಡ ಅಸಲಿ ಡಿಸ್ಕು, ಅಸಲಿ ಪೆಟ್ಟಿಗೆ. ಆದರೆ ಪೆಟ್ಟಿಗೆಯೊಳಗಿನ ಡಿಸ್ಕು ಓದುವ ಕಣ್ಣು ಕುರುಡಾಯಿತು. ರಿಪೇರಿಯವನ ಹತ್ತಿರ ಒಯ್ದರೆ, "ಮೇಡಂ, ಇದರ ಪಾರ್ಟು ಎಲ್ಲೂ ಬರಲ್ಲ. ಕಂಪನಿನೇ ಇಲ್ಲ, ನಾನೇನು ಮಾಡ್ಲಿ?" ಎಂದ. ಕೈಯಿಂದ ಕೈಗೆ ಬಂದ ಇನ್ನೊಂದು ಹಳೆಯ ಪೆಟ್ಟಿಗೆ ತಂದು ನೋಡಿದೆವು. ಅಷ್ಟರಲ್ಲಿ ಡಿಸ್ಕಿನ ಬೆನ್ನ ಮೇಲಿನ ಹೊಳಪಿನ ಪದರವೇ ಎದ್ದು ಹೋಗಿತ್ತು. ಹಾಗಾದರೆ ಇನ್ನೊಮ್ಮೆ ಕೊಳ್ಳೋಣ ಎಂದರೆ ಎಲ್ಲಿಂದ? ಯಂತ್ರದ ತಯಾರಿಕೆ ನಿಂತಿದೆ. ಅದರ ಆನ್‌ಲೈನ್ ಅಂಗಡಿಗೂ ಬೀಗ ಬಿದ್ದಿದೆ. ಆಟ ಮಾಡಿದ ಆ ಹುಡುಗ ಹುಡುಗಿಯರ ಸಂಸ್ಥೆ ಯಾರಿಗೋ ಮಾರಾಟವಾಗಿ, ಅವರೂ ಮಾರಿ, ಹಕ್ಕುಗಳೆಲ್ಲ ಕೊನೆಗೆ ಬಂದು ನಿಂತಿರುವುದು ಸ್ನಾನದ ಮನೆಯ ನಲ್ಲಿ ತಯಾರಿಸುವ ಒಂದು ಕಂಪನಿಯಲ್ಲಿ. ಫೋನು ಮಾಡಿದೆ. ಎತ್ತಿದ ಹೆಣ್ಣುಮಗಳು ಬಹಳ ತಾಳ್ಮೆಯವಳು. "ಗೇಮಾ ಮೇಡಂ? ನಮ್ಮಲ್ಲಿ ಶವರ್ ಇದೆ, ಸಿಂಕ್ ಇದೆ," ಎಂದಳು.

ನನ್ನ ನಾದಿನಿ ಹೈಸ್ಕೂಲಿನಲ್ಲಿ ಗಣಿತ ಹೇಳುವವಳು, ಆಟದ ಹುಚ್ಚಿನವಳು. ಎಮ್ಯುಲೇಟರ್ ಎಂಬ ಮಾತನ್ನು ನಮ್ಮ ಮನೆಗೆ ತಂದವಳು ಅವಳು. "ಅತ್ತಿಗೆ, ಏನಿಲ್ಲ, ಈ ಕಂಪ್ಯೂಟರು ತಾನೇ ಆ ಹಳೇ ಪೆಟ್ಟಿಗೆ ಅಂತ ನಾಟಕ ಆಡುತ್ತೆ. ಆಟ ಅದನ್ನ ನಂಬುತ್ತೆ, ಓಡುತ್ತೆ, ಅಷ್ಟೇ," ಎಂದಳು. ನಾಟಕವಾಡುವ ಆ ಪ್ರೋಗ್ರಾಮು ಬೇರೆ, ಅದರೊಳಗೆ ಓಡಿಸುವ ಆಟದ ಪ್ರತಿ ಬೇರೆ. ತಕರಾರು ಹೆಚ್ಚಾಗಿ ಇರುವುದು ಎರಡನೆಯದರ ಬಗ್ಗೆ ಎಂದೂ ಅವಳೇ ಹೇಳಿದಳು. ನಿಮ್ಮ ನೋಟಿಸಿನಲ್ಲಿ ಎರಡನ್ನೂ ಕಲಸಿ "ನಕಲಿ ಯಂತ್ರ" ಎಂದು ಬರೆದಿದ್ದೀರಿ. ವಿಷಯ ಗೊತ್ತಿಲ್ಲದೆ ಹೀಗೆ ಬರೆದಿರೋ ಗೊತ್ತಿದ್ದೇ ಬರೆದಿರೋ ತಿಳಿಯದು. ಯಾವುದಾದರೂ ನಿಮಗೆ ಶೋಭೆಯಲ್ಲ.

ಅಪಾಯದ ಬಗ್ಗೆ ನಿಮ್ಮ ಕಚೇರಿಯ ಮೆಟ್ಟಿಲ ಹತ್ತಿರ ದೊಡ್ಡ ಭಿತ್ತಿಪತ್ರ ಅಂಟಿಸಿದ್ದೀರಿ, ಕೆಂಪು ತಲೆಬುರುಡೆಯ ಚಿತ್ರದ ಸಮೇತ. ಅದರಲ್ಲಿ ಬರೆದದ್ದೆಲ್ಲ ನಿಜ. ನನಗಿಂತ ಚೆನ್ನಾಗಿ ಅದನ್ನು ಬಲ್ಲವರು ನಿಮ್ಮ ಕಚೇರಿಯಲ್ಲಿ ಇರಲಾರರು. ನಾದಿನಿ ಬರುವವರೆಗೆ ಕಾಯದೆ ನಾನೇ ಅಂಗಡಿಯ ಕಂಪ್ಯೂಟರಿನಲ್ಲಿ ಹುಡುಕಿದೆ. "ಇಳಿಸಿಕೊಳ್ಳಿ" ಎಂಬ ಗುಂಡಿಗಳೇ ಹತ್ತಾರು ಕಣ್ಣು ಮಿಟುಕಿಸುತ್ತಿದ್ದ ಒಂದು ತಾಣ ಸಿಕ್ಕಿತು. ಒತ್ತಿದೆ. ಬಂದದ್ದು ಆಟವಲ್ಲ, ಆಟದ ಹೆಸರು ಹೊತ್ತ ವೈರಸ್ಸಿನ ಪಿಡುಗು. ಗಿರಾಕಿಗಳ ಕಣ್ಣಿನ ವಿವರಗಳೆಲ್ಲ ಅದರೊಳಗೆ ಸಿಕ್ಕಿಕೊಂಡವು, ಪರದೆಯ ಮೇಲೆ ಯಾವನೋ ಒತ್ತೆಹಣ ಕೇಳತೊಡಗಿದ. ಕೊಡಲಿಲ್ಲ. ಗಿರಾಕಿಗಳನ್ನೆಲ್ಲ ಮತ್ತೆ ಕರೆಸಿ ಬಿಟ್ಟಿಯಾಗಿ ಕಣ್ಣು ಪರೀಕ್ಷೆ ಮಾಡಿದೆ. ಒಬ್ಬ ನಿವೃತ್ತ ಮೇಷ್ಟರಂತೂ, "ಹೋದ ತಿಂಗಳು ಓದಿದ ಅಕ್ಷರಾನೇ ಮತ್ತೆ ಯಾಕಮ್ಮ ಓದಿಸ್ತೀಯ? ನನಗೆ ಬಾಯಿಪಾಠ ಆಗಿದೆ," ಎಂದು ರೇಗಿದರು.

ಎರಡನೆಯ ಸಲ ನಾದಿನಿಯೇ ಹುಡುಕಿ ಒಂದು ಪ್ರತಿ ತಂದಳು. ಪಿಡುಗು ಇರಲಿಲ್ಲ, ಆಟವೂ ಓಡಿತು. ಎಲ್ಲರೂ ಸುತ್ತ ಕೂತೆವು. ನದಿ ಬಂತು, ದೋಣಿ ಬಂತು, ಮುದುಕಿ ಬಾಯಿ ತೆರೆದಳು. ಒಳಗಿನಿಂದ ಜೇನು ಸುರಿದ ಹಾಗೆ ಎಳೆಯ ಹುಡುಗಿಯೊಬ್ಬಳ ದನಿ, ಅದೂ ನಮಗ್ಯಾರಿಗೂ ಬಾರದ ಭಾಷೆಯಲ್ಲಿ! ಹೊರದೇಶಕ್ಕೆಂದು ಬೇರೆಯವರ ದನಿ ತುಂಬಿದ ಪ್ರತಿ ಅದು. ಅಮ್ಮನ ಮುಖ ನೋಡಬೇಕಿತ್ತು ನೀವು. ಎದ್ದು ಹೋಗಿ ಕೋಣೆಯ ಬಾಗಿಲು ಹಾಕಿಕೊಂಡವಳು ಊಟಕ್ಕೂ ಬರಲಿಲ್ಲ. ಕೊನೆಗೆ ಹಳೆಯ ಆಟಗಳನ್ನು ಕೆಡದಂತೆ ಕಾದಿಡುವುದನ್ನೇ ಹವ್ಯಾಸ ಮಾಡಿಕೊಂಡ ಒಬ್ಬ ಗ್ರಂಥಪಾಲಕರು ಸಿಕ್ಕಿ, ನಮ್ಮ ಡಿಸ್ಕಿನ ಫೋಟೊ ತರಿಸಿಕೊಂಡು, ಅದೇ ಆವೃತ್ತಿಯ ಪ್ರತಿ ಕೊಟ್ಟರು. ಕಳ್ಳ ತಾಣಗಳು ಅಪಾಯಕಾರಿ ಎಂದು ಬೆರಳು ತೋರಿಸುವ ತಾವು ಒಂದು ಪ್ರಶ್ನೆಗೆ ಉತ್ತರ ಕೊಡಿ. ಅಸಲಿ ಅಂಗಡಿಯ ಬಾಗಿಲು ಮುಚ್ಚಿದವರು ಯಾರು? ಮುಚ್ಚಿದವರನ್ನು ಎಂದಾದರೂ ಕರೆಸಿ, ಜನ ಕೊಂಡ ವಸ್ತುವಿಗೆ ಏನು ದಾರಿ ಎಂದು ಕೇಳಿದ್ದೀರಾ? ಕನ್ನಡಕದ ಫ್ರೇಮು ಮಾಡುವ ಕಂಪನಿಯೊಂದು ಬಾಗಿಲು ಹಾಕಿದರೆ ನಾನು ಬೀದಿಗಿಳಿದು ಜನರ ಮೂಗಿನ ಮೇಲಿನ ಕನ್ನಡಕ ಕಿತ್ತುಕೊಳ್ಳಬೇಕೆ?

ಸರಿಯಾದ ಪ್ರತಿ ಓಡಿದ ದಿನ ನನ್ನ ಮಗಳು ಮೊದಲ ಬಾರಿಗೆ ಅಜ್ಜಿಯ ದನಿ ಕೇಳಿದಳು. ಆಟದೊಳಗಿನ ಪ್ರಯಾಣಿಕ ಕೆಸರು ಕಾಲಿನಲ್ಲಿ ದೋಣಿ ಹತ್ತಲು ಹೋದ. "ಕಾಲೊರೆಸ್ಕೊಂಡು ಹತ್ತೋ! ಇದೇನು ಕೊಟ್ಟಿಗೆ ಅಂದ್ಕೊಂಡ್ಯಾ?" ಎಂದಿತು ದನಿ. ಮಗಳು ಬೆಚ್ಚಿ ತನ್ನ ಕಾಲನ್ನೇ ನೋಡಿಕೊಂಡಳು. ಆಮೇಲೆ ಅಜ್ಜಿಯ ಕಡೆ ತಿರುಗಿ, "ಅಜ್ಜಿ, ನೀನು ಇಷ್ಟು ಜೋರಾ!" ಎಂದಳು. ಅಮ್ಮ ನಕ್ಕಳು, ಸದ್ದಿಲ್ಲದೆ, ಮೈಯೆಲ್ಲ ಕುಲುಕುವ ಹಾಗೆ. ನಾನು ಅತ್ತೆ. ಇದನ್ನು ಬರೆಯಲು ನನಗೆ ನಾಚಿಕೆಯಿಲ್ಲ.

ಎಮ್ಯುಲೇಟರಿನಲ್ಲಿ ಒಂದು ಅನುಕೂಲವಿದೆ, ಅಸಲಿ ಪೆಟ್ಟಿಗೆಯಲ್ಲಿ ಇಲ್ಲದ್ದು. ಆಟದ ಯಾವ ಕ್ಷಣವನ್ನಾದರೂ ಹಾಗೆಯೇ ಹಿಡಿದಿಟ್ಟು, ಬೇಕೆಂದಾಗ ಅಲ್ಲಿಂದಲೇ ಶುರು ಮಾಡಬಹುದು. ನಾದಿನಿ ಮುದುಕಿಯ ಪ್ರತಿ ಮಾತಿನ ಹಿಂದಿನ ಕ್ಷಣವನ್ನೂ ಹಿಡಿದಿಟ್ಟು, ಟ್ಯಾಬಿನ ಪರದೆಯ ಮೇಲೆ ಸಾಲಾಗಿ ಚಿತ್ರಗಳನ್ನು ಮಾಡಿ ಅಮ್ಮನ ಕೈಗೆ ಕೊಟ್ಟಳು. ಅಮ್ಮನಿಗೆ ಹೊಲಿಗೆಯವರ ಬೆರಳು. ಎರಡೇ ದಿನದಲ್ಲಿ ಯಾವ ಚಿತ್ರಕ್ಕೆ ಯಾವ ಮಾತು ಎಂದು ಪಳಗಿಸಿಕೊಂಡಳು. ಅಲ್ಲಿಂದ ನಮ್ಮ ಮನೆಗೆ ನೆಮ್ಮದಿ ಇಲ್ಲ. ನಾನು ಅಂಗಡಿ ಮುಚ್ಚಿ ಬಂದರೆ, "ಹೊಟ್ಟೆಗೆ ಏನಾದ್ರೂ ಬಿದ್ದಿದೆಯಾ? ಮೊದ್ಲು ತಿನ್ನು, ಆಮೇಲೆ ಲೋಕ ಉಳಿಸುವೆಯಂತೆ." ಅಡುಗೆ ಮಾಡುವ ಮನಸ್ಸಿಲ್ಲದಿದ್ದರೆ, "ಇವತ್ತು ದೋಣಿ ಹೋಗಲ್ಲ. ನನ್ನ ಸೊಂಟ ನನ್ನ ಮಾತೇ ಕೇಳ್ತಿಲ್ಲ." ನನ್ನ ಗಂಡ ಟೀವಿಯ ಮುಂದೆ ಕೂತು ರಾಜಕೀಯದ ಬಗ್ಗೆ ಭಾಷಣ ಶುರು ಮಾಡಿದರೆ, "ಅಲ್ಲಾಡಬೇಡ. ನೀನು ಅಲ್ಲಾಡಿದ್ರೆ ಇಬ್ರೂ ಮುಳುಗ್ತೀವಿ." ಮಗಳು ಶಾಲೆಗೆ ಹೊರಟಾಗ, "ಹೋಗ್ಬಾ ಮಗಾ. ಕತ್ತಲಾಗೋದ್ರೊಳಗೆ ಬಂದ್ಬಿಡು." ಒಬ್ಬ ಅಜ್ಜಿ ಮೊಮ್ಮಗಳಿಗೆ ಹೇಳುವ ಈ ಮಾತನ್ನು ತಾವು ಕಾಗದದ ಮೇಲೆ "ಉಲ್ಲಂಘನೆ" ಎಂದು ಕರೆದಿದ್ದೀರಿ.

ಇಷ್ಟಕ್ಕೂ ಈ ಉಲ್ಲಂಘನೆ ನಿಮಗೆ ಗೊತ್ತಾದದ್ದು ಹೇಗೆ? ಯಾರೂ ದೂರು ಕೊಟ್ಟಿಲ್ಲ. ನಲ್ಲಿಯ ಕಂಪನಿಗೆ ಇಂದಿಗೂ ತಾನೊಂದು ಆಟದ ಒಡೆಯ ಎಂದು ಗೊತ್ತಿಲ್ಲ. ನಾವೇ ಹೇಳಿದೆವು. ಹೊಲಿಗೆಯವರಲ್ಲಿ ಅಮ್ಮ ಪಾಲಿಸಿಕೊಂಡು ಬಂದ ಒಂದು ಪದ್ಧತಿ ಇದೆ: ಬಟ್ಟೆ ಕತ್ತರಿಸಿ ಉಳಿದ ಚೂರು ಎಷ್ಟೇ ಚಿಕ್ಕದಿರಲಿ, ಗಂಟು ಕಟ್ಟಿ ಗಿರಾಕಿಯ ಕೈಗೇ ವಾಪಸು ಕೊಡಬೇಕು. ಬೇಕಿದ್ದರೆ ಕೇಳಿ ಇಟ್ಟುಕೊಳ್ಳಬೇಕು. ನನ್ನ ಗೊಂಬೆಗೆ ಲಂಗ ಹೊಲಿಯಲು ಬೇಕಾದ ಅಂಗೈ ಅಗಲದ ಚೂರನ್ನೂ ಅವಳು ಗಿರಾಕಿಯ ಹತ್ತಿರ ಕೇಳಿಯೇ ತೆಗೆದುಕೊಂಡವಳು. ಆಟದ ಪ್ರತಿ ಮನೆಗೆ ಬಂದ ವಾರದಲ್ಲೇ ಅವಳು ನನ್ನ ಅಂಗಿಯ ತೋಳು ಹಿಡಿದು ಎಳೆದು, ಕೈಸನ್ನೆಯಲ್ಲೇ ಪ್ರಶ್ನಿಸಿದಳು, ಕೇಳಿ ತಂದದ್ದಾ? ಯಾರ ಹತ್ತಿರ ಕೇಳುವುದಮ್ಮಾ ಎಂದೆ. ಯಾರಾದರೂ ಇರ್ತಾರೆ, ಹುಡುಕು ಎಂದು ಹುಬ್ಬು ಹಾರಿಸಿದಳು. ನಾದಿನಿ ತಲೆ ಚಚ್ಚಿಕೊಂಡಳು: "ಅತ್ತಿಗೆ, ಊರೆಲ್ಲ ಸುಮ್ನೆ ಇಳಿಸ್ಕೊಂಡು ಆಡ್ತಾ ಇದೆ. ನೀವೊಬ್ರೇ ಹೋಗಿ ಹುಲಿ ಬಾಯಿಗೆ ತಲೆ ಕೊಡ್ತೀರಲ್ಲ!" ಆದರೂ ಅಮ್ಮನ ಮಾತು ಮೀರಲಾಗದೆ ನಿಮ್ಮ ಕಚೇರಿಗೆ ಅರ್ಜಿ ಹಾಕಿದೆ. ಪರವಾನಗಿ ಕೊಡಿ, ಶುಲ್ಕವಿದ್ದರೆ ಕಟ್ಟುತ್ತೇವೆ ಎಂದು ಬರೆದೆ. ಅದನ್ನೇ ತಾವು ತಪ್ಪೊಪ್ಪಿಗೆ ಎಂದು ಪರಿಗಣಿಸಿ ಮೊದಲ ನೋಟಿಸು ಕಳಿಸಿದಿರಿ. ನಿಮ್ಮ ದಕ್ಷತೆಗೆ ಕೈ ಮುಗಿದೆ. ಕೇಳದೆ ತೆಗೆದುಕೊಂಡ ಲಕ್ಷಾಂತರ ಜನ ಹಾಯಾಗಿದ್ದಾರೆ. ಕೇಳಿದ ಒಬ್ಬ ಮುದುಕಿ ಸಿಕ್ಕಿಬಿದ್ದಳು.

ಈಗ ವಿಚಾರಣೆಯ ದಿನಕ್ಕೆ ಬರೋಣ. ನೀವು ಬಹಳ ಸೌಜನ್ಯದಿಂದ ಕೂರಲು ಹೇಳಿದಿರಿ, ಅದನ್ನು ಮರೆಮಾಚುವುದಿಲ್ಲ. ಗುಮಾಸ್ತರು ಬರೆದುಕೊಳ್ಳುತ್ತಿದ್ದರು, ಜವಾನ ಬಾಗಿಲಲ್ಲಿ ನಿಂತಿದ್ದ. ನಾನು ವಿಷಯವನ್ನೆಲ್ಲ ಹೇಳಿ ಮುಗಿಸಿದ ಮೇಲೆ ನೀವು ಕೇಳಿದಿರಿ: "ಎಲ್ಲಾ ಸರಿ ಅಮ್ಮಾ, ಅದು ಇವರದೇ ದನಿ ಅನ್ನೋದಕ್ಕೆ ಪುರಾವೆ ಏನು? ಹೆಸರು ಇಲ್ಲ, ಒಪ್ಪಂದ ಇಲ್ಲ. ಇವರು ಒಂದ್ಸಲ ಮಾತಾಡಿ ತೋರಿಸಿದ್ರೆ ಹೋಲಿಸಿ ನೋಡಬಹುದಿತ್ತು."

ನನಗೆ ಬಾಯಿಗೆ ಬಂದದ್ದನ್ನು ಹೇಳಿಬಿಡುವಷ್ಟು ಸಿಟ್ಟು ಬಂದಿತ್ತು. ಅಮ್ಮ ನನ್ನ ಮೊಣಕಾಲಿನ ಮೇಲೆ ಕೈಯಿಟ್ಟು ತಡೆದಳು. ಕುತ್ತಿಗೆಗೆ ಸುತ್ತಿದ್ದ ಬಟ್ಟೆಯನ್ನು ಸ್ವಲ್ಪ ಸಡಿಲಿಸಿ, ಟ್ಯಾಬನ್ನು ಮೇಜಿನ ಮೇಲಿಟ್ಟು, ಒಂದು ಚಿತ್ರ ಒತ್ತಿದಳು. "ಎದುರಿಗೆ ಕೂತಿದೀನಿ, ಕಾಣಿಸಲ್ವೇನೋ? ನಿನ್ನಂಥೋರನ್ನ ಎಷ್ಟು ಜನರನ್ನ ದಾಟಿಸಿಲ್ಲ ನಾನು!" ಎಂದು ಟ್ಯಾಬು ಗದರಿತು. ಅಮ್ಮ ನಿಮ್ಮನ್ನೇ ನೋಡುತ್ತಾ ಆ ಮಾತಿನ ಜೊತೆಗೆ ತುಟಿಯಾಡಿಸಿದಳು. ಒಂದಕ್ಷರ ಹಿಂದೆಮುಂದೆ ಆಗಲಿಲ್ಲ. ಮಾತಿನ ನಡುವೆ ಎಲ್ಲಿ ಉಸಿರು ಎಳೆದುಕೊಳ್ಳುವ ಸದ್ದು ಬಂತೋ ಅಲ್ಲಿ ಅವಳ ಎದೆ ಏರಿತು. "ದಾಟಿಸಿಲ್ಲ" ಎನ್ನುವಾಗ ದನಿ ಎಲ್ಲಿ ಏರಿತೋ ಅಲ್ಲಿ ಅವಳ ಕತ್ತಿನ ನರ ಉಬ್ಬಿತು. ಇನ್ನೊಮ್ಮೆ ಒತ್ತಿದಳು, ಮತ್ತೆ ಹಾಗೆಯೇ. ಗುಮಾಸ್ತರ ಪೆನ್ನು ನಿಂತಿತು. ಜವಾನ ಕಣ್ಣೊರೆಸಿಕೊಂಡು ಆಚೆ ಹೋದ. ನೀವು "ಆಯ್ತು, ನೋಡೋಣ" ಎಂದಿರಿ. ನೋಡೋಣ ಎಂದದ್ದನ್ನು ನಂಬಿ ನಾವು ದಾರಿಯಲ್ಲಿ ಮಗಳಿಗೆಂದು ಐಸ್‌ಕ್ರೀಂ ಕಟ್ಟಿಸಿಕೊಂಡು ಮನೆಗೆ ಹೋದೆವು. ಆ ವಾರದಲ್ಲೇ ಎರಡನೆಯ ನೋಟಿಸು ಬಂತು. ಪ್ರದರ್ಶನ ನಡೆದ ಸ್ಥಳ: ಮುಖ್ಯಾಧಿಕಾರಿಗಳ ಕೊಠಡಿ. ಪ್ರೇಕ್ಷಕರು: ಕಚೇರಿಯ ಸಿಬ್ಬಂದಿ. ಪುರಾವೆ ಕೇಳಿದವರು ನೀವು, ಪುರಾವೆ ಕೊಟ್ಟದ್ದು ಅಪರಾಧ.

ನಿಮ್ಮ ವಾದವನ್ನು ನಾನು ಅರ್ಥ ಮಾಡಿಕೊಂಡಿಲ್ಲವೆಂದು ತಿಳಿಯಬೇಡಿ. ಇಂದು ಅಂಗಡಿಯಲ್ಲಿ ಸಿಗುವ ಆಟವನ್ನು ಬಿಟ್ಟಿ ಇಳಿಸಿಕೊಳ್ಳುವವರ ಪರವಾಗಿ ನಾನು ಒಂದು ಮಾತೂ ಆಡುವುದಿಲ್ಲ. ಮೇಲಿನ ಮಹಡಿಯ ಆ ಮಕ್ಕಳು ಹೊಟ್ಟೆ ಕಟ್ಟಿ ಕೆಲಸ ಮಾಡಿದ್ದನ್ನು ಕಣ್ಣಾರೆ ಕಂಡವಳು ನಾನು. ಅವರ ಅನ್ನಕ್ಕೆ ಕಲ್ಲು ಹಾಕುವವರನ್ನು ನೀವು ಹಿಡಿಯಿರಿ, ಬೇಕಾದರೆ ನಾನೂ ಸಹಾಯ ಮಾಡುತ್ತೇನೆ. ಆದರೆ ಮಾರುವವರೂ ಇಲ್ಲದ, ರಿಪೇರಿ ಮಾಡುವವರೂ ಇಲ್ಲದ, ತನ್ನದೆಂದು ಹೇಳಿಕೊಳ್ಳುವವರೂ ಇಲ್ಲದ ವಸ್ತುವನ್ನು ಕೊಂಡವರೂ ಇಟ್ಟುಕೊಳ್ಳಬಾರದು ಎಂದರೆ, ನೀವು ಕಾಯುತ್ತಿರುವುದು ಯಾರ ಹಕ್ಕನ್ನು? ದನಿಯನ್ನು ಮಾತ್ರ ಆಟದಿಂದ ತೆಗೆದು ಬೇರೆ ಇಟ್ಟುಕೊಳ್ಳುತ್ತೇವೆ ಎಂದೂ ಕೇಳಿದೆ. ಅದೂ ನಕಲೇ ಎಂದರು ನಿಮ್ಮ ಗುಮಾಸ್ತರು. ಹಾಗಾದರೆ ಕಾನೂನಿನ ಪ್ರಕಾರ ನನ್ನ ಅಮ್ಮ ಏನು ಮಾಡಬೇಕು? ಆ ಪೆಟ್ಟಿಗೆಯ ಕಾಲ ಮುಗಿಯಿತು, ಆದ್ದರಿಂದ ತನ್ನ ಮಾತಿನ ಕಾಲವೂ ಮುಗಿಯಿತು ಎಂದು ಒಪ್ಪಿಕೊಳ್ಳಬೇಕೆ? ಅವಳ ದನಿಯನ್ನು ವೈದ್ಯರು ಒಮ್ಮೆ ತೆಗೆದರು, ಜೀವ ಉಳಿಸಲು. ನೀವು ಎರಡನೆಯ ಸಲ ತೆಗೆಯಹೊರಟಿದ್ದೀರಿ. ಏನನ್ನು ಉಳಿಸಲು?

ಆದ್ದರಿಂದ ನನ್ನ ಬೇಡಿಕೆ ಹೀಗಿದೆ, ಕೋರಿಕೆಯಲ್ಲ. ಎರಡೂ ನೋಟಿಸುಗಳನ್ನು ಹಿಂದಕ್ಕೆ ಪಡೆಯಿರಿ. ತಯಾರಿಕೆ ನಿಂತ ಯಂತ್ರದ ಆಟವನ್ನು ಕೊಂಡವರು, ಅದು ಮತ್ತೆ ಮಾರಾಟಕ್ಕೆ ಬರುವವರೆಗೆ, ತಮ್ಮ ಬಳಕೆಗೆ ಪ್ರತಿ ಇಟ್ಟುಕೊಳ್ಳಬಹುದು ಎಂದು ಲಿಖಿತವಾಗಿ ಹೇಳಿ. ಅಂಥ ಪ್ರತಿಗಳು ಕಳ್ಳ ತಾಣಗಳ ಬದಲು ಸಾರ್ವಜನಿಕ ಗ್ರಂಥಾಲಯದಲ್ಲಿ ಸಿಗುವ ವ್ಯವಸ್ಥೆ ಮಾಡಿ. ಆಗ ನಿಮ್ಮ ತಲೆಬುರುಡೆಯ ಭಿತ್ತಿಪತ್ರಕ್ಕೂ ಒಂದು ಅರ್ಥ ಬರುತ್ತದೆ. ಅಲ್ಲಿಯವರೆಗೆ ನಾವು ಏನನ್ನೂ ಅಳಿಸುವುದಿಲ್ಲ. ಒಂದು ಪ್ರತಿ ಅಮ್ಮನ ಟ್ಯಾಬಿನಲ್ಲಿದೆ, ಒಂದು ನನ್ನ ಅಂಗಡಿಯಲ್ಲಿದೆ, ಒಂದು ನಾದಿನಿಯ ಮನೆಯಲ್ಲಿದೆ. ಮುಚ್ಚಿಟ್ಟು ನಮಗೆ ಅಭ್ಯಾಸವಿಲ್ಲ. ಟ್ಯಾಬನ್ನು ಕಚೇರಿಗೆ ತಂದು ಒಪ್ಪಿಸುವುದೂ ಇಲ್ಲ.

ಅಳಿಸಲೇಬೇಕೆಂದು ಕಾನೂನು ಹೇಳುವುದಾದರೆ ತಾವೇ ನಮ್ಮ ಮನೆಗೆ ಬನ್ನಿ. ಸಂಜೆ ಹೊತ್ತು ಬಂದರೆ ಎಲ್ಲರೂ ಇರುತ್ತೇವೆ. ಅಮ್ಮ ಕಿಟಕಿಯ ಹತ್ತಿರದ ಕುರ್ಚಿಯಲ್ಲಿ ಕೂತಿರುತ್ತಾಳೆ, ಟ್ಯಾಬು ಅವಳ ತೊಡೆಯ ಮೇಲಿರುತ್ತದೆ, ನನ್ನ ಮಗಳು ಪಕ್ಕದಲ್ಲಿರುತ್ತಾಳೆ. ಯಾರೂ ನಿಮ್ಮನ್ನು ತಡೆಯುವುದಿಲ್ಲ. ನೀವೇ ಬಗ್ಗಿ, ನಿಮ್ಮದೇ ಬೆರಳಿನಿಂದ, ಅವಳ ಕಣ್ಣೆದುರಿಗೆ ಒಂದೊಂದೇ ಮಾತನ್ನು ಅಳಿಸಿ. ಪ್ರತಿಯೊಂದನ್ನೂ ಅಳಿಸುವ ಮೊದಲು ಇದು ಬೇಕಾ ಬೇಡವಾ ಎಂದು ಯಂತ್ರ ನಿಮ್ಮನ್ನೇ ಕೇಳುತ್ತದೆ. ಬೇಡ ಎಂದು ಒತ್ತಿ. ಕೊನೆಯ ಮಾತು ಅಳಿಸಿದ ಮೇಲೆ ನನ್ನ ಮಗಳು ನಿಮ್ಮನ್ನು ಏನೋ ಕೇಳುತ್ತಾಳೆ, ಅದಕ್ಕೆ ಉತ್ತರ ಕೊಟ್ಟು ಹೋಗಿ. ಅಮ್ಮ ಕೂಗಾಡಿಯಾಳು ಎಂಬ ಭಯ ಬೇಡ.

ಇಂತಿ,
ಕೇಳದೆ ಇಟ್ಟುಕೊಂಡಿದ್ದರೆ ನೆಮ್ಮದಿಯಾಗಿ ಇರಬಹುದಾಗಿದ್ದ,
ಮತ್ತು ಇನ್ನು ಮುಂದೆ ಕೇಳುವುದಿಲ್ಲವೆಂದು ನಿಶ್ಚಯಿಸಿದ,
ಹೊಲಿಗೆಯವಳ ಮಗಳು